ಇಬ್ಬರು ಸೇರಿ ಕಾವ್ಯದಂಥ ಸಾಕ್ಷ್ಯಚಿತ್ರ ಮಾಡುವಾಗ ಕೊನೆಯ ಕಟ್ ಯಾರದ್ದು?

ಹೊಳೆದಂಡೆ:

ನಾನು ಮತ್ತು ನನ್ನ ಗೆಳೆಯ ಸೇರಿ ಮೂರು ವರ್ಷದಿಂದ ಒಂದು ಸಾಕ್ಷ್ಯಚಿತ್ರ ಮಾಡ್ತಿದ್ದೀವಿ. ಅವನದ್ದು ಕ್ಯಾಮೆರಾ, ನನ್ನದು ಧ್ವನಿ, ನಿರ್ದೇಶನ ಮತ್ತು ಎಡಿಟಿಂಗ್ ಇಬ್ಬರದ್ದೂ. ಒಬ್ಬ ವಯಸ್ಸಾದ ಅಂಬಿಗರ ಬಗ್ಗೆ ಚಿತ್ರ. ಅವರು ದೋಣಿ ನಡೆಸುವ ಜಾಗದಲ್ಲೇ ಹೊಳೆಗೆ ಸೇತುವೆ ಕಟ್ಟುತ್ತಿದ್ದಾರೆ. ಅದು ಮುಗಿದ ದಿನ ದೋಣಿಗೆ ಕೆಲಸ ಇರಲ್ಲ. ಚಿತ್ರದಲ್ಲಿ ಸಂದರ್ಶನ ಇಲ್ಲ, ನಿರೂಪಣೆ ಇಲ್ಲ. ಹೊಳೆ, ದೋಣಿ, ಹತ್ತುವವರು, ಇಳಿಯುವವರು, ಒಂದೊಂದು ಸಲ ಹೋದಾಗಲೂ ಇನ್ನಷ್ಟು ಎತ್ತರವಾಗಿರುವ ಕಾಂಕ್ರೀಟ್ ಕಂಬಗಳು, ಅಷ್ಟೇ. 62 ಗಂಟೆ ಫುಟೇಜ್ ಇದೆ. ಈಗ 71 ನಿಮಿಷದ ರಫ್ ಕಟ್, ಅಂದ್ರೆ ಮೊದಲ ಕಚ್ಚಾ ಜೋಡಣೆ, ಕೈಲಿದೆ.

ಜಗಳ ನಿಂತಿರೋದು ಒಂದೇ ಶಾಟ್ ಮೇಲೆ. ಸಂಜೆ ಅಜ್ಜ ದೋಣಿ ಕಟ್ಟಿ, ಮೆಟ್ಟಿಲು ಹತ್ತಿ, ಫ್ರೇಮಿನಿಂದ ಆಚೆ ಹೋಗ್ತಾರೆ. ಕ್ಯಾಮೆರಾ ಅಲ್ಲೇ ಉಳಿಯುತ್ತೆ. ಖಾಲಿ ದೋಣಿ, ಗೂಟಕ್ಕೆ ಕಟ್ಟಿದ ಹಗ್ಗ. ದೋಣಿ ಆ ಕಡೆ ವಾಲಿದಾಗ ಹಗ್ಗ ನೀರಿನಿಂದ ಮೇಲೆದ್ದು ಬಿಗಿಯಾಗುತ್ತೆ, ಅದರುದ್ದಕ್ಕೂ ಹನಿಗಳು ಸಾಲಾಗಿ ನಿಂತು ಒಂದೊಂದಾಗಿ ಉದುರುತ್ತವೆ, ಮತ್ತೆ ಸಡಿಲಾಗಿ ಮುಳುಗುತ್ತೆ. ಹೀಗೇ ನಾಲ್ಕು ನಿಮಿಷ ಹತ್ತು ಸೆಕೆಂಡು, ಪೂರ್ತಿ ಕತ್ತಲಾಗುವವರೆಗೆ. ಅವನಿಗೆ ಅಷ್ಟೂ ಬೇಕು. ನನಗೆ ಐವತ್ತು ಸೆಕೆಂಡು ಸಾಕು, ಆಮೇಲೆ ಪರದೆ ಕಪ್ಪಾಗಿ ನೀರಿನ ಸದ್ದಿನ ಮೇಲೆ ನಾನು ಬರೆದ ಹನ್ನೆರಡು ಸಾಲು ಬರಬೇಕು. ಕವಿತೆ ಬೇಡವೇ ಬೇಡ ಅಂತಾನೆ ಅವನು.

ಎತ್ತು ಏರಿಗೆ, ಕೋಣ ನೀರಿಗೆ ಅನ್ನೋ ಹಾಗಾಗಿದೆ. ಎರಡು ತಿಂಗಳಿಂದ ಎಡಿಟಿಂಗ್ ಟೈಮ್‌ಲೈನ್ ಮುಟ್ಟಿಲ್ಲ. ಕೊನೆಯ ಮಾತು ಯಾರದ್ದು ಅಂತ ಮೊದಲೇ ಗೊತ್ತುಮಾಡಿಕೊಳ್ಳಬೇಕಿತ್ತಾ? ಜೋಡಿಯಾಗಿ ಕೆಲಸ ಮಾಡಿದವರು ದಯವಿಟ್ಟು ಹೇಳಿ.

ಕತ್ತರಿಮೇಜು:

ಹದಿನೆಂಟು ವರ್ಷದಿಂದ ಬೇರೆಯವರ ಚಿತ್ರಗಳನ್ನು ಎಡಿಟ್ ಮಾಡಿಕೊಂಡು ಬಂದಿದ್ದೇನೆ, ಅದರಲ್ಲಿ ಐದಾರು ಜೋಡಿ ನಿರ್ದೇಶಕರದ್ದು. ನನ್ನ ಅನುಭವದಲ್ಲಿ, ಒಂದು ಶಾಟ್ ಉದ್ದ ಆಯಿತು ಅಂತ ಒಬ್ಬರಿಗೆ ಅನ್ನಿಸಿದರೆ ತೊಂದರೆ ಸಾಮಾನ್ಯವಾಗಿ ಅದಕ್ಕಿಂತ ಹತ್ತು ನಿಮಿಷ ಹಿಂದೆ ಇರುತ್ತದೆ. ಹಿಂದಿನ ಶಾಟ್‌ಗಳು ಚುರುಕಾಗಿ ಓಡಿದ್ದರೆ ನೋಡುವವರ ಉಸಿರು ಆ ಲಯಕ್ಕೆ ಹೊಂದಿಕೊಂಡಿರುತ್ತದೆ. ಇದ್ದಕ್ಕಿದ್ದಂತೆ ನಾಲ್ಕು ನಿಮಿಷ ಅಂದರೆ ತಡೆಯಲಾಗುವುದಿಲ್ಲ.

ಒಂದು ಕೆಲಸ ಮಾಡಿ. ಆ ಶಾಟ್‌ಗಿಂತ ಹದಿನೈದು ನಿಮಿಷ ಹಿಂದಿನಿಂದ ಇಬ್ಬರೂ ಒಟ್ಟಿಗೆ ಕೂತು ನೋಡಿ. ನೋಡುವಾಗಲೂ ಮಾತಿಲ್ಲ, ನೋಡಿ ಆದ ಮೇಲೂ ಒಂದು ದಿನ ಮಾತಿಲ್ಲ. ಬೇರೆ ಬೇರೆ ನೋಟ್‌ಪುಸ್ತಕದಲ್ಲಿ ಏನು ಕಂಡಿತು, ಏನು ಕೇಳಿಸಿತು ಅಷ್ಟನ್ನು ಮಾತ್ರ ಬರೆಯಿರಿ. ‘ಚೆನ್ನಾಗಿದೆ’, ‘ಎಳೆದಂತಿದೆ’ ಅನ್ನುವ ಪದಗಳನ್ನು ಬಳಸಲೇಬೇಡಿ. ಮರುದಿನ ಪುಸ್ತಕ ಅದಲುಬದಲು ಮಾಡಿಕೊಳ್ಳಿ.

ಜಗಳದ ಬಗ್ಗೆ ಹೆದರಬೇಡಿ. ಜ್ಯಾನ್-ಮಾರಿ ಸ್ಟ್ರಾಬ್ ಮತ್ತು ಡ್ಯಾನಿಯೆಲ್ ಹ್ಯುಯೆ ಎಂಬ ನಿರ್ದೇಶಕ ದಂಪತಿ ಎಡಿಟಿಂಗ್ ಮಾಡುವುದನ್ನೇ ನಿರ್ದೇಶಕ ಪೆಡ್ರೊ ಕೋಸ್ಟಾ 2001ರಲ್ಲಿ ಚಿತ್ರ ಮಾಡಿದ್ದಾರೆ. ಹ್ಯುಯೆ ಮೇಜಿನ ಮುಂದೆ ಕೂತು ರೀಲನ್ನು ಹಿಂದಕ್ಕೂ ಮುಂದಕ್ಕೂ ಓಡಿಸುತ್ತಿದ್ದರೆ ಸ್ಟ್ರಾಬ್ ಬಾಗಿಲಾಚೆ ಹೋಗಿ ಬಂದು ಮಾಡುತ್ತಾ ಮಾತಾಡುತ್ತಲೇ ಇರುತ್ತಾರೆ. ಒಂದು ಫ್ರೇಮ್ ಆಚೆಗೋ ಈಚೆಗೋ ಅನ್ನುವುದಕ್ಕೆ ಅಷ್ಟು ವಾದ! ಅದನ್ನು ನೋಡಿದ ಮೇಲೆ ನನಗೆ ಜೋಡಿಗಳ ಜೊತೆ ಕೆಲಸ ಮಾಡುವುದು ಸುಲಭವಾಯಿತು. ಅವರು ಗದ್ದಲ ಮಾಡುತ್ತಿದ್ದರೆ ಚಿತ್ರ ಬದುಕಿದೆ ಅಂತ ಅರ್ಥ. ನನಗೆ ಆತಂಕವಾಗುವುದು ನಿಮ್ಮ ಎರಡು ತಿಂಗಳ ಮೌನದ ಬಗ್ಗೆ.

ರಾತ್ರಿರೈಲು:

ಕವಿತೆ ಬಗ್ಗೆ ಮಾತ್ರ ಹೇಳ್ತೀನಿ, ಯಾಕೆಂದ್ರೆ ನಾನೂ ಬರೆಯೋನು.

1936ರ ‘ನೈಟ್ ಮೇಲ್’ ಸಿಗುತ್ತೆ, ನೋಡಿ. ಅಂಚೆ ರೈಲಿನ ಬಗ್ಗೆ ಇರೋ ಸಾಕ್ಷ್ಯಚಿತ್ರ. ಅದೂ ಇಬ್ಬರು ನಿರ್ದೇಶಕರದ್ದೇ, ಹ್ಯಾರಿ ವಾಟ್ ಮತ್ತು ಬೇಸಿಲ್ ರೈಟ್. ಕವಿ ಡಬ್ಲ್ಯೂ.ಎಚ್. ಆಡೆನ್ ಅದಕ್ಕೆ ಕವಿತೆ ಬರೆದ್ರು, ಸಂಗೀತ ಸಂಯೋಜಕ ಬೆಂಜಮಿನ್ ಬ್ರಿಟನ್ ಸಂಗೀತ ಕೊಟ್ಟರು. ಎಲ್ಲರೂ ಆ ಕವಿತೆಯನ್ನೇ ನೆನಪಿಟ್ಟುಕೊಂಡಿದ್ದಾರೆ, ಆದರೆ ಸುಮಾರು ಇಪ್ಪತ್ತೈದು ನಿಮಿಷದ ಚಿತ್ರದಲ್ಲಿ ಅದು ಬರೋದು ಕೊನೇ ಕೆಲವೇ ನಿಮಿಷ. ಅಲ್ಲೀವರೆಗೂ ಕಾಗದ ವಿಂಗಡಿಸೋ ಕೈಗಳು, ಚೀಲ ಬೀಳೋದು, ಚಕ್ರ. ಕವಿತೆ ಶುರುವಾದಾಗ ಅದು ಚಕ್ರದ ತಾಳಕ್ಕೇ ಓಡುತ್ತೆ. ಚಿತ್ರದ ಮೇಲೆ ಹಚ್ಚಿದ ಹಾಗೆ ಅನ್ನಿಸಲ್ಲ.

ನಿಮ್ಮ ಹನ್ನೆರಡು ಸಾಲು ಆ ಹಗ್ಗದ ತಾಳಕ್ಕೆ ಕೂರುತ್ತಾ? ಬಿಗಿಯಾಗಿ ಸಡಿಲಾಗೋದಕ್ಕೆ ಎಷ್ಟು ಸೆಕೆಂಡು ಬೇಕು, ಎಣಿಸಿದ್ದೀರಾ? ಪರದೆ ಕಪ್ಪು ಮಾಡಿ ಕವಿತೆ ಹಾಕಬೇಕು ಅಂತ ಇರೋದನ್ನು ನೋಡಿದ್ರೆ, ನಿಮಗೇ ಒಳಗೊಳಗೆ ಆ ಚಿತ್ರದ ಎದುರು ಸಾಲು ನಿಲ್ಲಲ್ಲ ಅನ್ನೋ ಅನುಮಾನ ಇದ್ದಂಗಿದೆ. ತಪ್ಪು ತಿಳೀಬೇಡಿ ಅಕ್ಕ. ನನ್ನ ಒಂದು ಚಿತ್ರದಲ್ಲಿ ನಾನೇ ಓದಿದ ಆರು ನಿಮಿಷದ ಪದ್ಯವನ್ನು ಕೊನೇ ವಾರ ತೆಗೆದು ಹಾಕಿದ್ದೀನಿ. ತೆಗೆದ ದಿನ ಊಟ ಸೇರಲಿಲ್ಲ.

ನೇರಮಾತು:

ನನಗೆ ಬೇರೆಯೇ ಪ್ರಶ್ನೆ ಇದೆ. ಹಗ್ಗ, ಹನಿ, ಕತ್ತಲು ಎಲ್ಲ ಸರಿ. ಆ ಅಂಬಿಗರು ಏನು ಹೇಳುತ್ತಾರೆ? ಜೀವನೋಪಾಯ ಕಳೆದುಕೊಳ್ಳುತ್ತಿರುವ ಮನುಷ್ಯನ ಮುಂದೆ ಕ್ಯಾಮೆರಾ ಇಟ್ಟು, ಅವರಿಗೆ ಒಂದು ಮಾತೂ ಆಡಲು ಕೊಡದೆ, ಅವರ ಖಾಲಿ ದೋಣಿಯನ್ನು ಸುಂದರವಾಗಿ ತೋರಿಸುವುದು ನ್ಯಾಯವೇ? ಕಾವ್ಯಾತ್ಮಕ ಸಾಕ್ಷ್ಯಚಿತ್ರಗಳಲ್ಲಿ ನನಗೆ ಪದೇ ಪದೇ ಕಾಣುವ ದೋಷ ಇದು. ಅವರ ನಷ್ಟ ನಮ್ಮ ಲಯವಾಗಿಬಿಡುತ್ತದೆ. ನಿಮ್ಮಿಬ್ಬರ ಜಗಳದಲ್ಲಿ ಮೂರನೆಯವರೊಬ್ಬರು ಇದ್ದಾರೆ. ಅವರನ್ನು ಕೇಳಿದ್ದೀರಾ?

ಹೊಳೆದಂಡೆ:

ನೇರಮಾತು ಅವರೇ, ನಿಮ್ಮ ಪ್ರಶ್ನೆ ಚುಚ್ಚಿತು, ಚುಚ್ಚಬೇಕಾದ್ದೇ. ಒಂದು ವಿಷಯ ಹೇಳ್ತೀನಿ. ಸೇತುವೆ ಬೇಕು ಅಂತ ಅರ್ಜಿಗೆ ಸಹಿ ಹಾಕಿದವರಲ್ಲಿ ಅಜ್ಜನೂ ಒಬ್ಬರು. ಇದು ನಮಗೆ ಗೊತ್ತಾಗಿದ್ದೇ ಎರಡನೇ ವರ್ಷ. ಯಾಕೆ ಅಂತ ಕೇಳಿದ್ರೆ, ‘ರಾತ್ರಿ ಹೊತ್ತು ಜನ ಆ ಕಡೆ ಉಳ್ಕೊಂಡುಬಿಡ್ತಾರೆ’ ಅಂದು ಸುಮ್ಮನಾದ್ರು. ಅಲ್ಲೀವರೆಗೂ ನಮ್ಮ ತಲೆಯಲ್ಲಿ ಇದ್ದ ಚಿತ್ರ ಸೇತುವೆಗೆ ಬಲಿಯಾದ ಅಂಬಿಗನದ್ದು. ಒಂದು ಸಂಸ್ಥೆಗೆ ಧನಸಹಾಯಕ್ಕೆ ಬರೆದಾಗಲೂ ಹಾಗೇ ಬರೆದಿದ್ವಿ. ಅದು ಸಿಗಲಿಲ್ಲ. ‘ಇದರಲ್ಲಿ ಸಂಘರ್ಷ ಯಾರ ನಡುವೆ, ಒಂದು ವಾಕ್ಯದಲ್ಲಿ ಹೇಳಿ’ ಅಂತ ಕೇಳಿದ್ರು. ಇವತ್ತಿಗೂ ಒಂದು ವಾಕ್ಯದಲ್ಲಿ ಹೇಳೋಕೆ ಬರಲ್ಲ.

ಕಟ್ ಇನ್ನೂ ಅವರಿಗೆ ತೋರಿಸಿಲ್ಲ. ತೋರಿಸ್ತೀವಿ.

ಜಾಗದಮೌನ:

ಎಲ್ಲರೂ ಚಿತ್ರದ ಬಗ್ಗೆ ಮಾತಾಡ್ತಿದ್ದೀರಿ, ನಾನು ಸದ್ದಿನವನು. ಹೊಳೆದಂಡೆ ಅವರೇ, ನೇರವಾಗಿ ಕೇಳ್ತೀನಿ: ಆ ನಾಲ್ಕು ನಿಮಿಷದ ಅಡಿಯಲ್ಲಿರೋ ಸದ್ದು ಆ ಶಾಟ್‌ದೇನಾ? ಅದೇ ಸಂಜೆ, ಅದೇ ಜಾಗದಲ್ಲಿ ರೆಕಾರ್ಡ್ ಆಗಿದ್ದಾ, ಅಥವಾ ಬೇರೆ ದಿನದ್ದು ತಂದು ಹಾಕಿದ್ದಾ?

ಯಾಕೆ ಕೇಳ್ತೀನಿ ಅಂದ್ರೆ, ಇಂಥ ಖಾಲಿ ಶಾಟ್‌ನಲ್ಲಿ ಕಣ್ಣಿಗೆ ಕೆಲಸ ಕಮ್ಮಿ, ಕಿವಿ ಮುಂದಕ್ಕೆ ಬರುತ್ತೆ. ನಲವತ್ತು ಸೆಕೆಂಡ್ ಆದ ಮೇಲೆ ನೋಡೋರು ಕೇಳೋರಾಗ್ತಾರೆ. ಆಗ ಸದ್ದು ಎಲ್ಲಿಂದಲೋ ತಂದ ನೀರಿನ ಮೊರೆತ ಆಗಿದ್ರೆ ನಾಲ್ಕು ನಿಮಿಷ ಯಾರೂ ಕೂರಲ್ಲ. ಮೊರೆತಕ್ಕೆ ದೂರ ಹತ್ತಿರ ಇಲ್ಲ, ಅದು ಗೋಡೆ ಥರ. ನಿಜವಾದ ಸಂಜೆಯಲ್ಲಿ ಒಂದು ಕಪ್ಪೆ ಇಲ್ಲಿ, ಒಂದು ನಾಯಿ ಅಲ್ಲಿ, ದೋಣಿ ಪಕ್ಕಕ್ಕೆ ನೀರು ತಟ್ಟೋದು ಕಾಲ ಬುಡದಲ್ಲಿ. ಆ ಅಂತರಗಳಿಂದಲೇ ಜಾಗ ಹುಟ್ಟೋದು.

2012ರ ‘ಲೆವಿಯಾಥನ್’ ಮಾಡಿದ್ದು ಲೂಸಿಯನ್ ಕ್ಯಾಸ್ಟೇನ್-ಟೇಲರ್ ಮತ್ತು ವೆರೆನಾ ಪ್ಯಾರಾವೆಲ್. ಮೀನುಗಾರಿಕೆ ಹಡಗಿನಲ್ಲಿ ಸಣ್ಣ ಗೋಪ್ರೊ ಕ್ಯಾಮೆರಾಗಳನ್ನು ಕೋಲಿಗೆ, ಮೀನುಗಾರರ ಮೈಗೆ ಕಟ್ಟಿ ತೆಗೆದದ್ದು. ಆ ಕ್ಯಾಮೆರಾಗಳ ಮೈಕ್ ನೀರಿಗೆ ಮುಳುಗಿ ಏಳುವಾಗ ಬರೋ ಉಸಿರುಗಟ್ಟಿದಂಥ ಸದ್ದು ಇದೆಯಲ್ಲ, ಅದನ್ನು ದೋಷ ಅಂತ ಎಸೆಯದೆ ಅದರ ಮೇಲೇ ಧ್ವನಿ ಕಟ್ಟಿದ್ರು. ಅಚ್ಚುಕಟ್ಟಾದ ಸಮುದ್ರದ ಸದ್ದು ಹಾಕಿದ್ದಿದ್ರೆ ಆ ಚಿತ್ರ ಅರ್ಧ ಸತ್ತಿರ್ತಿತ್ತು.

ಎರಡುಕಣ್ಣು:

ಜೋಡಿಗಳ ಬಗ್ಗೆ ಓದೋದು ನನಗೆ ಹುಚ್ಚು, ಹಾಗಾಗಿ ಸ್ವಲ್ಪ ಉದ್ದ ಬರೆಯುತ್ತೇನೆ.

ಶಾಟ್ ಎಷ್ಟು ಉದ್ದ ಇರಬೇಕು ಅನ್ನುವ ಜಗಳವನ್ನು ‘ಮನಕಾಮನಾ’ ಮಾಡಿದ ಸ್ಟೆಫನಿ ಸ್ಪ್ರೇ ಮತ್ತು ಪಾಚೊ ವೆಲೆಜ್ ಮೊದಲೇ ಬಗೆಹರಿಸಿಕೊಂಡಿದ್ದರು. 2013ರ ಚಿತ್ರ. ನೇಪಾಳದ ಗುಡಿಯೊಂದಕ್ಕೆ ಹೋಗುವ ಕೇಬಲ್ ಕಾರಿನೊಳಗೆ ಹನ್ನೊಂದು ಪಯಣಗಳು, ಹನ್ನೊಂದು ಶಾಟ್‌ಗಳು. 16 ಎಂಎಂ ಫಿಲಂನ 400 ಅಡಿ ರೀಲು ಸುಮಾರು ಹನ್ನೊಂದು ನಿಮಿಷ ಓಡುತ್ತದೆ, ಪಯಣವೂ ಹೆಚ್ಚುಕಡಿಮೆ ಅಷ್ಟೇ. ಎದುರಿಗೆ ಕೂತವರನ್ನು ಕೇಬಲ್ ಕಾರು ನಿಲ್ದಾಣದೊಳಗಿನ ಕತ್ತಲಿಗೆ ಹೋಗುವವರೆಗೆ ನೋಡುತ್ತೇವೆ. ಉದ್ದವನ್ನು ತೀರ್ಮಾನಿಸಿದ್ದು ಆ ದಾರಿ. ನಿಮ್ಮ ಹಗ್ಗದ ಶಾಟ್ ಅನ್ನು ಮುಗಿಸುವಂಥದ್ದು ಆ ದೃಶ್ಯದ ಒಳಗೇ ಏನಾದರೂ ಇದೆಯಾ, ಹುಡುಕಿ.

ಇನ್ನೊಂದು ಜೋಡಿ ನನಗೆ ತುಂಬ ಹತ್ತಿರ: ಯೆರ್ವಾಂಟ್ ಜಿಯಾನಿಕಿಯಾನ್ ಮತ್ತು ಆಂಜೆಲಾ ರಿಚಿ ಲುಕ್ಕಿ. ಹಳೆಯ, ಕೊಳೆಯುತ್ತಿದ್ದ ಫಿಲಂ ರೀಲುಗಳನ್ನು ಫ್ರೇಮಿಗೆ ಫ್ರೇಮ್ ಮತ್ತೆ ಛಾಯಾಗ್ರಹಣ ಮಾಡಿ, ನಿಧಾನಗೊಳಿಸಿ, ಬಣ್ಣ ಹಾಯಿಸಿ ಚಿತ್ರ ಮಾಡಿದವರು. ಯಾರೋ ಹೆಮ್ಮೆಯಿಂದ ತೆಗೆದ ಬೇಟೆ, ಯುದ್ಧ, ಸಾಮ್ರಾಜ್ಯದ ಮೆರವಣಿಗೆಗಳು ಹಾಗೆ ನಿಧಾನವಾದಾಗ ಕ್ಯಾಮೆರಾ ಕಡೆ ತಿರುಗಿದ ಒಬ್ಬ ಸೆರೆಯಾಳಿನ ಕಣ್ಣು ಕಾಣಿಸುತ್ತದೆ. ಆಂಜೆಲಾ 2018ರಲ್ಲಿ ತೀರಿಕೊಂಡರು. ಅದೇ ವರ್ಷ ಯೆರ್ವಾಂಟ್ ಆಕೆಯ ದಿನಚರಿ ಪುಸ್ತಕಗಳನ್ನು ಓದುತ್ತಾ ಒಂದು ಚಿತ್ರ ಮಾಡಿದರು. ದಶಕಗಳ ಕಾಲ ಜೊತೆಗೆ ಕೆಲಸ ಮಾಡಿದವರಲ್ಲಿ ಒಬ್ಬರು ಇಲ್ಲವಾದ ಮೇಲೆ ಇನ್ನೊಬ್ಬರು ಆಕೆಯ ಕೈಬರಹವನ್ನು ಕೈಯಲ್ಲಿ ಹಿಡಿದಿದ್ದಾರೆ.

ನಮ್ಮಲ್ಲೂ ಇದ್ದಾರೆ. ಅಂಜಲಿ ಮೊಂತೆರೋ ಮತ್ತು ಕೆ.ಪಿ. ಜಯಶಂಕರ್ ಗುಜರಾತಿನ ಕಛ್‌ನ ಪಶುಪಾಲಕರು ಹಾಡುವ, ಸಿಂಧಿ ಸೂಫಿ ಕವಿ ಶಾ ಅಬ್ದುಲ್ ಲತೀಫ್ ಭಿಟಾಯಿಯ ಕಾವ್ಯವನ್ನು ಹಿಡಿದು 2011ರಲ್ಲಿ ‘ಸೋ ಹೆದ್ದಾನ್ ಸೋ ಹೊದ್ದಾನ್’ ಮಾಡಿದರು. ಅಲ್ಲಿ ಕವಿತೆ ನಿರ್ದೇಶಕರದ್ದಲ್ಲ, ಹಾಡುವವರ ಬಾಯಲ್ಲೇ ಇತ್ತು. ಹೊಳೆದಂಡೆ ಅವರೇ, ನಿಮ್ಮ ಅಂಬಿಗರು ಹುಟ್ಟು ಹಾಕುವಾಗ ಏನಾದರೂ ಗುನುಗುತ್ತಾರಾ?

ಸಹಿಹಾಕಿ:

ಪ್ರಾಯೋಗಿಕ ಮಾತು ಒಂದೇ. ಹಕ್ಕು ಯಾರದ್ದು, ಹೆಸರು ಯಾವ ಕ್ರಮದಲ್ಲಿ, ಒಬ್ಬರು ಬಿಟ್ಟುಹೋದರೆ ಫುಟೇಜ್ ಯಾರ ಹತ್ತಿರ, ಉತ್ಸವಕ್ಕೆ ಕಳಿಸಲು ಇಬ್ಬರ ಒಪ್ಪಿಗೆ ಬೇಕಾ, ಇಷ್ಟನ್ನು ಒಂದು ಹಾಳೆಯಲ್ಲಿ ಬರೆದು ಸಹಿ ಹಾಕಿ. ಸ್ನೇಹ ಚೆನ್ನಾಗಿರುವಾಗಲೇ ಬರೆಯಬೇಕು. ನಾನು ಬರೆಯದೆ ಒಂದು ಚಿತ್ರವನ್ನೂ ಒಬ್ಬ ಗೆಳೆಯನನ್ನೂ ಕಳೆದುಕೊಂಡೆ. ಹಾರ್ಡ್ ಡಿಸ್ಕ್ ಅವನ ಹತ್ತಿರ ಉಳಿಯಿತು, ಧ್ವನಿ ನನ್ನ ಹತ್ತಿರ. ಎರಡೂ ಈಗ ಯಾರಿಗೂ ಉಪಯೋಗಕ್ಕಿಲ್ಲ.

ಹೊಳೆದಂಡೆ:

ಮೂರು ವಾರ ಆಯ್ತು. ಕೈ ನಡುಗ್ತಾ ಬರೀತಿದ್ದೀನಿ.

ಕತ್ತರಿಮೇಜು ಸರ್ ಹೇಳಿದ ಹಾಗೆ ಮಾತಿಲ್ಲದೆ ನೋಡಿ, ಬೇರೆ ಬೇರೆ ಬರೆದು, ಪುಸ್ತಕ ಬದಲಾಯಿಸಿಕೊಂಡ್ವಿ. ನನ್ನ ಪುಸ್ತಕದಲ್ಲಿ ಹಗ್ಗ, ಹನಿ, ದೋಣಿಯ ವಾಲಾಟ ಇತ್ತು. ಅವನ ಪುಸ್ತಕದಲ್ಲಿ ಅದೆಲ್ಲ ಎರಡೇ ಸಾಲು. ಕೊನೆಗೆ ಬರೆದಿದ್ದ: ‘3:20. ಆಚೆ ದಡ, ಬಲ ಮೂಲೆ. ಬೆಳಕು.’

ನನಗೆ ಅರ್ಥ ಆಗಲಿಲ್ಲ. ನಾನು ಯಾವಾಗಲೂ ಲ್ಯಾಪ್‌ಟಾಪ್‌ನಲ್ಲೇ ನೋಡೋದು. ಅವನ ಮನೆಯ ದೊಡ್ಡ ಪರದೆಯಲ್ಲಿ ಹಾಕಿದ ಮೇಲೆ ಕಂಡಿತು. ಮೂರು ನಿಮಿಷ ಇಪ್ಪತ್ತು ಸೆಕೆಂಡಿಗೆ ಆಚೆ ದಡದಲ್ಲಿ ಸಾಸಿವೆ ಕಾಳಿನಷ್ಟು ಬೆಳಕು. ಟಾರ್ಚ್. ಎರಡು ಸಲ ಅತ್ತಿತ್ತ ಆಡುತ್ತೆ, ನಿಲ್ಲುತ್ತೆ, ಮತ್ತೆ ಆಡುತ್ತೆ, ಆರಿಹೋಗುತ್ತೆ. ಆಮೇಲೆ ಪೂರ್ತಿ ಕತ್ತಲು.

ಆಗ ಜಾಗದಮೌನ ಅವರ ಪ್ರಶ್ನೆ ನೆನಪಾಯ್ತು. ಆ ಶಾಟ್‌ಗೆ ನಾನು ಹಾಕಿದ್ದು ಮಳೆಗಾಲದಲ್ಲಿ ರೆಕಾರ್ಡ್ ಮಾಡಿದ ನೀರಿನ ಸದ್ದು. ತುಂಬಿಕೊಂಡು ಚೆನ್ನಾಗಿತ್ತು ಅಂತ. ಆ ಸಂಜೆ ನಾನು ರೆಕಾರ್ಡರ್ ಅನ್ನು ಸ್ಟ್ಯಾಂಡ್ ಮೇಲೆ ಬಿಟ್ಟು, ಅಜ್ಜನ ಕಾಲರ್ ಮೈಕ್ ಬಿಚ್ಚಿಕೊಳ್ಳೋಕೆ ಅವರ ಹಿಂದೆ ಮೆಟ್ಟಿಲು ಹತ್ತಿದ್ದೆ. ಅದರಲ್ಲಿ ಏನು ದಾಖಲಾಗಿದೆ ಅಂತ ಪೂರ್ತಿ ಕೇಳಿರಲೇ ಇಲ್ಲ. ಹುಡುಕಿ ತೆಗೆದು, ಚಿತ್ರದ ಜೊತೆ ಹೊಂದಿಸಿ (ಸಿಂಕ್ ಮಾಡಿ), ಹೆಡ್‌ಫೋನ್ ಹಾಕ್ಕೊಂಡೆ.

3:20ಕ್ಕೆ ಯಾರೋ ಕೂಗ್ತಾರೆ. ‘ಓ... ದೋಣೀ...’ ತುಂಬ ದೂರ. ಎರಡನೇ ಸಲ ‘ದೋಣೀ’ ಅನ್ನೋದರ ಕೊನೆ ನೀರಿನ ಮೇಲೆ ಎಳೆದುಕೊಂಡು ಬರುತ್ತೆ. ಮೂರನೇ ಸಲ ಇಲ್ಲ.

ಅವನ ಕಡೆ ತಿರುಗಿದೆ. ‘ಕೂಗು ನನಗೆ ಅವತ್ತೇ ಕೇಳಿಸಿತ್ತು ಕಣೇ, ಅದಕ್ಕೇ ಕ್ಯಾಮೆರಾ ನಿಲ್ಲಿಸಲಿಲ್ಲ. ನೀನು ಹಾಕಿದ ಸದ್ದಿನಲ್ಲಿ ಅದು ಇರಲಿಲ್ಲ. ರೆಕಾರ್ಡ್ ಆಗಿಲ್ಲ ಅಂದ್ಕೊಂಡೆ. ಕೇಳಿದ್ರೆ ನಿನಗೆ ಬೇಜಾರಾಗುತ್ತೆ ಅಂತ ಸುಮ್ಮನಿದ್ದೆ’ ಅಂದ. ಒಂದು ವರ್ಷದಿಂದ! ನಾನು ಅವನ ಶಾಟ್ ಕತ್ತರಿಸೋಕೆ ಒದ್ದಾಡ್ತಿದ್ದೆ, ಅವನು ನನ್ನ ಕೆಲಸದ ತಪ್ಪನ್ನು ಮುಚ್ಚೋಕೆ ಬಾಯಿ ಬಿಡದೆ ಹಠ ಹಿಡಿದಿದ್ದ. ಇಬ್ಬರೂ ಅತ್ವಿ. ಕವಿತೆ ತೆಗೆದು ಹಾಕಿದೆ. ತೆಗೆಯೋಕೆ ಯಾರೂ ಹೇಳಬೇಕಾಗಲಿಲ್ಲ.

ಜಾಗದಮೌನ:

ಓದಿ ಮೈ ಜುಮ್ಮೆಂದಿತು. ಆ ಮೂಲ ಫೈಲಿನ ಎರಡು ಪ್ರತಿ ಈಗಲೇ ಬೇರೆ ಬೇರೆ ಡಿಸ್ಕ್‌ನಲ್ಲಿ ಇಡಿ, ಮಿಕ್ಕಿದ್ದು ಆಮೇಲೆ.

ನೇರಮಾತು:

ಸಂತೋಷ. ಆದರೆ ಈಗ ನನ್ನ ಪ್ರಶ್ನೆ ಇನ್ನೂ ಭಾರವಾಯಿತು. ಕೂಗಿದವರನ್ನು ಕರೆತರಲು ಅಂಬಿಗರು ಬರಲಿಲ್ಲ ಎಂದು ನಿಮ್ಮ ಚಿತ್ರ ಈಗ ಹೇಳುತ್ತದೆ. ಅವರ ಊರಿನವರೇ ಇದನ್ನು ನೋಡುತ್ತಾರೆ. ದಯವಿಟ್ಟು ಅವರಿಗೆ ತೋರಿಸದೆ ಇನ್ನಾರಿಗೂ ತೋರಿಸಬೇಡಿ.

ಹೊಳೆದಂಡೆ:

ತೋರಿಸಿದ್ವಿ. ಮೊನ್ನೆ, ಅವರ ಮನೆ ಜಗಲಿಯಲ್ಲಿ, ಲ್ಯಾಪ್‌ಟಾಪ್ ಮತ್ತು ಒಂದು ಒಳ್ಳೆ ಸ್ಪೀಕರ್ ಇಟ್ಟು. ಅಜ್ಜ ಗೋಡೆಗೆ ಒರಗಿ ಕೂತಿದ್ರು. ಮೊದಲ ಒಂದು ಗಂಟೆ ಹತ್ತಿದವರ, ಇಳಿದವರ ಹೆಸರು ಹೇಳ್ತಾ ಹೋದ್ರು. ಹಗ್ಗದ ಶಾಟ್ ಬಂದಾಗ ಮಾತು ನಿಂತಿತು. ಕೂಗು ಬಂದಾಗ ಅವರ ಬೆನ್ನು ಗೋಡೆಯಿಂದ ಈಚೆ ಬಂತು, ಬಲಗೈ ನೆಲ ಒತ್ತಿತು, ಎದ್ದು ಹೊರಡುವವರ ಹಾಗೆ. ನಾನು ಅವರ ಕೈಯನ್ನೇ ನೋಡ್ತಿದ್ದೆ. ಹುಟ್ಟು ಹಿಡಿದು ಹಿಡಿದು ಹೆಬ್ಬೆರಳ ಬುಡದಲ್ಲಿ ಕಾಯಿ ಕಟ್ಟಿದ ಚರ್ಮ, ಅದು ನೆಲದ ಮೇಲೆ ಒತ್ತಿ ಬೆಳ್ಳಗಾಗಿತ್ತು.

ಮುಗಿದ ಮೇಲೆ ಹೇಳಿದ್ರು: ‘ಕೇಳಿಸಿತ್ತು ಮಗಾ. ಅವತ್ತು ಜ್ವರ ನನಗೆ, ಮೈ ಏಳಲಿಲ್ಲ. ಇಡೀ ರಾತ್ರಿ ಕೇಳಿಸ್ತಾನೇ ಇತ್ತು.’

ಜ್ವರ ಇದ್ದಿದ್ದು ನಮಗೆ ಗೊತ್ತೇ ಇರಲಿಲ್ಲ. ಆ ಸಂಜೆ ಮೈಕ್ ಬಿಚ್ಚುವಾಗ ನನ್ನ ಬೆರಳು ಅವರ ಕುತ್ತಿಗೆಗೆ ತಾಗಿತ್ತು. ಗೊತ್ತಾಗಬೇಕಿತ್ತು.

‘ಇದನ್ನ ತೆಗೀಬೇಕಾ ಅಜ್ಜಾ? ನೀವು ಬೇಡ ಅಂದ್ರೆ ಈ ಶಾಟೇ ಇರಲ್ಲ’ ಅಂತ ಅವನು ಕೇಳಿದ. ತುಂಬ ಹೊತ್ತು ಸುಮ್ಮನಿದ್ರು. ಆಮೇಲೆ, ‘ಇರಲಿ. ಸೇತುವೆ ಯಾಕೆ ಬೇಕು ಅಂತ ನೀವು ಕೇಳಿದ್ರಲ್ಲ, ಇದಕ್ಕೇ. ಆದ್ರೆ ಬೆಳಿಗ್ಗೆ ಮೊದಲ ದೋಣಿ ಅವನಿಗೇ ಹಾಕಿದ್ದೆ. ಅದನ್ನೂ ತೋರಿಸಿ’ ಅಂದ್ರು.

ಆ ಬೆಳಗು ನಮ್ಮ ಹತ್ತಿರ ಇದೆ. ಮಂಜಿನಲ್ಲಿ ಒಬ್ಬನೇ ಮನುಷ್ಯ, ಕೈಯಲ್ಲಿ ಚೀಲ, ದೋಣಿ ನಡುವೆ ಕುಕ್ಕರುಗಾಲಲ್ಲಿ ಕೂತಿದ್ದಾನೆ. ಅಜ್ಜ ಹುಟ್ಟು ಹಾಕ್ತಿದ್ದಾರೆ. ದಡ ಮುಟ್ಟುವವರೆಗೂ ಇಬ್ಬರೂ ಮಾತಾಡಲ್ಲ. ಏನೂ ನಡೆಯಲ್ಲ ಅಂತ ಆ ಕ್ಲಿಪ್ಪನ್ನು ಮೊದಲ ವರ್ಷವೇ ಪಕ್ಕಕ್ಕಿಟ್ಟಿದ್ವಿ. ಚೀಲದವರನ್ನೂ ಹುಡುಕಿಕೊಂಡು ಹೋಗಿ ತೋರಿಸಿದ್ವಿ, ಅವರೂ ಒಪ್ಪಿದ್ದಾರೆ.

ಹಾಗಾಗಿ ಈಗ ಶಾಟ್ ನಾಲ್ಕು ನಿಮಿಷ ಹತ್ತು ಸೆಕೆಂಡು ಪೂರ್ತಿ ಇದೆ. ಅದಾದ ಮೇಲೆ ನೇರವಾಗಿ ಮಂಜು. ಅಜ್ಜ ಗುನುಗೋದು ಅದರಲ್ಲಿ ಇಲ್ಲ, ಎರಡುಕಣ್ಣು ಅವರೇ. ಅವರು ಗುನುಗೋದು ದೋಣಿ ಖಾಲಿ ಇದ್ದಾಗ ಮಾತ್ರವಂತೆ. ಸಹಿಹಾಕಿ ಅವರು ಹೇಳಿದ ಹಾಳೆಯನ್ನೂ ಬರೆದು ಸಹಿ ಹಾಕಿದ್ದೀವಿ. ಅದರಲ್ಲಿ ಒಂದು ಸಾಲು ನಾವೇ ಸೇರಿಸಿದ್ದು: ಯಾವುದೇ ಶಾಟ್ ತೆಗೆಯುವ ಮುಂಚೆ, ತೆಗೆದವರು ಅಲ್ಲಿ ನಿಂತು ಏನು ನೋಡಿದರು, ಏನು ಕೇಳಿದರು ಅಂತ ಇನ್ನೊಬ್ಬರು ಕೇಳಲೇಬೇಕು.

ಕತ್ತರಿಮೇಜು:

ಆ ಮಂಜಿನ ಶಾಟ್‌ಗೆ ಮುಂಚೆ ಕತ್ತಲನ್ನು ಎಷ್ಟು ಹೊತ್ತು ಹಿಡಿದಿದ್ದೀರಿ? ಬೆಳಕು ಆರಿದ ಮೇಲೆ ಕಣ್ಣು ಹೊಂದಿಕೊಳ್ಳಲು ಸ್ವಲ್ಪ ಸಮಯ ಕೊಡಿ. ಇಲ್ಲದಿದ್ದರೆ ಬಿಳಿ ಮಂಜು ಕಣ್ಣಿಗೆ ಹೊಡೆದಂತಾಗುತ್ತದೆ. ಸಿನಿಮಾ ಮಂದಿರದ ಕತ್ತಲಲ್ಲಿ ಒಮ್ಮೆ ಪರೀಕ್ಷಿಸಿ, ಕೋಣೆಯಲ್ಲಿ ಗೊತ್ತಾಗುವುದಿಲ್ಲ.

ಹೊಳೆದಂಡೆ:

ಮಾಡ್ತೀವಿ ಸರ್. ಇನ್ನೊಂದೇ ಪ್ರಶ್ನೆ ಉಳಿದಿದೆ, ಜಾಗದಮೌನ ಅವರಿಗೆ. ಕೂಗು ತುಂಬ ಮೆಲ್ಲಗಿದೆ. ಸಣ್ಣ ಸ್ಪೀಕರ್‌ನಲ್ಲಿ ನೋಡಿದವರಿಗೆ ಅರ್ಧಕ್ಕರ್ಧ ಕೇಳಿಸಲ್ಲ. ಅದನ್ನು ಮಾತ್ರ ಸ್ವಲ್ಪ ಎತ್ತಲಾ?

ಜಾಗದಮೌನ:

ಎತ್ತಬೇಡಿ. ಎತ್ತಿದ್ರೆ ಆಚೆ ದಡ ಹತ್ತಿರ ಬಂದುಬಿಡುತ್ತೆ. ಬೇಕಿದ್ರೆ ಅದಕ್ಕಿಂತ ಹಿಂದಿನ ಎರಡು ನಿಮಿಷದಲ್ಲಿ ಹತ್ತಿರದ ನೀರಿನ ಸದ್ದನ್ನು ಒಂದೆರಡು ಡೆಸಿಬೆಲ್ ಇಳಿಸಿ, ಗೊತ್ತಾಗದಷ್ಟು ನಿಧಾನವಾಗಿ. ಕಿವಿ ತಾನಾಗಿ ಆಚೆ ಹೋಗುತ್ತೆ. ಮಿಕ್ಸ್ ಆದ ಮೇಲೆ ಫೈಲ್ ಕಳಿಸಿ, ಕೇಳಿ ಹೇಳ್ತೀನಿ.